ಚೇಂಬರ್ಸ್ ಡಿಕ್ಷನರಿ, 12ನೇ ಆವೃತ್ತಿ: ಒಂದು ವರ್ಷ ದಿನಾ ತೆಗೆದು ನೋಡಿದ ಮೇಲೆ

ಈ ಇಂಗ್ಲಿಷ್ ಡಿಕ್ಷನರಿ ತಗೊಂಡು ಒಂದು ವರ್ಷ ಆಯ್ತು. ತಂದ ವಾರದಲ್ಲೇ ರಿವ್ಯೂ ಬರೆಯೋಣ ಅಂತ ಕೂತಿದ್ದೆ, ಆಮೇಲೆ ಬೇಡ ಅನ್ನಿಸ್ತು, ಡಿಕ್ಷನರಿ ಅನ್ನೋದು ಮಿಕ್ಸಿ ಥರ ಅಲ್ಲ, ಆನ್ ಮಾಡಿದ ತಕ್ಷಣ ಚೆನ್ನಾಗಿದ್ಯಾ ಇಲ್ವಾ ಅಂತ ಗೊತ್ತಾಗಲ್ಲ, ಮನೇಲಿಟ್ಕೊಂಡು ಮಳೆಗಾಲ ಚಳಿಗಾಲ ಕಳೀಬೇಕು, ಓದ್ತಾ ಓದ್ತಾ ಎಡವಿದಾಗೆಲ್ಲ ತೆಗೀಬೇಕು, ಬೇಕಾದ ಪದ ಸಿಕ್ತಾ ಅಂತ ನೋಡ್ಬೇಕು. ಈಗ ಆ ಧೈರ್ಯ ಬಂದಿದೆ, ಬರೀತೀನಿ. ಸ್ವಲ್ಪ ಉದ್ದ ಆಗತ್ತೆ, ಯಾಕಂದ್ರೆ ಈ ಪುಸ್ತಕದ ಬಗ್ಗೆ ಕನ್ನಡದಲ್ಲಿ ಯಾರೂ ಬರೆದಿದ್ದನ್ನ ನಾನು ನೋಡಿಲ್ಲ, ಮತ್ತೆ ಕನ್ನಡ ಮೀಡಿಯಂನಲ್ಲಿ ಓದಿ ಇಂಗ್ಲಿಷ್ ಪುಸ್ತಕಗಳ ಹುಚ್ಚು ಹಿಡಿಸ್ಕೊಂಡೋರಿಗೆ ಇದು ಮಾಡೋ ಉಪಕಾರ ಬೇರೆಯವರಿಗೆ ಅಷ್ಟು ಕಾಣಿಸಲ್ಲ.

ಮೊದಲು ಆನ್‌ಲೈನ್‌ನಲ್ಲಿ ಆರ್ಡರ್ ಮಾಡಿದ್ದೆ. ಸೆಲ್ಲರ್ ಯಾರು ಅಂತ ಹೇಳೋದು ಬೇಡ. ಫೋಟೋದಲ್ಲಿ ದಪ್ಪ ಕೆಂಪು ಪುಸ್ತಕ, ಬಂದಿದ್ದು ಸ್ಕೂಲ್ ಮಕ್ಕಳ ಕೈಯಗಲದ ಪುಟ್ಟ ಪುಸ್ತಕ, ಅದನ್ನ ವಾಪಸ್ ಕಳ್ಸಿ ದುಡ್ಡು ಬರೋ ಹೊತ್ತಿಗೆ ಎರಡು ವಾರ. ಅದಕ್ಕೇ ಇಂಥ ಪುಸ್ತಕ ಕೈಯಲ್ಲಿ ಹಿಡಿದು ನೋಡಿ ತಗೊಳ್ಳಿ. ಆಮೇಲೆ ಒಂದು ಭಾನುವಾರ ಅವೆನ್ಯೂ ರೋಡಿಗೆ ಹೋದೆ, ಸಿಇಟಿ ಗೈಡು ಇಂಜಿನಿಯರಿಂಗ್ ಟೆಕ್ಸ್ಟ್‌ಬುಕ್ಕುಗಳ ರಾಶಿ ಕೆಳಗಿಂದ ಅಂಗಡಿಯವರು ಇದನ್ನ ಎಳೆದು, ಧೂಳು ಹೊಡೆದು, "ಮೇಡಂ, ಇದನ್ನ ಕೇಳ್ಕೊಂಡು ವರ್ಷಕ್ಕೆ ಒಬ್ರು ಬರ್ತಾರೆ, ಬಂದೋರು ಬಿಟ್ಟು ಹೋಗಲ್ಲ" ಅಂದ್ರು. ಏಳ್ನೂರು ರೂಪಾಯಿ ಕೊಟ್ಟೆ, ಚೌಕಾಸಿ ಮಾಡೋಕೆ ಮನಸ್ಸು ಬರಲಿಲ್ಲ. 2011ರಲ್ಲಿ ಬಂದ 12ನೇ ಆವೃತ್ತಿ, ಯಾರೋ ಜೋಪಾನವಾಗಿ ಬಳಸಿದ್ದು, ಒಳಗೆ ಒಂದು ಬಸ್ ಟಿಕೆಟ್ ಕೂಡ ಇತ್ತು. ಇದಾದ ಮೇಲೆ 2014ರಲ್ಲಿ 13ನೇದೂ ಬಂದಿದೆ.

ಫುಟ್‌ಪಾತ್ ಪಕ್ಕದಲ್ಲಿ ಸಿಕ್ಕಿದ್ದು ಒಂಥರಾ ಸರಿಯಾಗೇ ಇತ್ತು ಅಂತ ಆಮೇಲೆ ಗೊತ್ತಾಯ್ತು. ಈ ಕಂಪನಿ ಶುರು ಮಾಡಿದ ವಿಲಿಯಂ ಚೇಂಬರ್ಸ್, ರಾಬರ್ಟ್ ಚೇಂಬರ್ಸ್ ಅಣ್ಣತಮ್ಮಂದಿರು ಸ್ಕಾಟ್ಲೆಂಡಿನ ಪೀಬಲ್ಸ್ ಅನ್ನೋ ಸಣ್ಣ ಊರಿನೋರು. 1818ರಲ್ಲಿ ತಮ್ಮ ರಾಬರ್ಟ್, ಹದಿನಾರು ವಯಸ್ಸು ಅಷ್ಟೇ, ಎಡಿನ್‌ಬರೋದ ಲೀತ್ ವಾಕ್ ರಸ್ತೆಲಿ ಮನೆಯ ಹಳೇ ಪುಸ್ತಕಗಳನ್ನೇ ಜೋಡಿಸಿಕೊಂಡು ವ್ಯಾಪಾರಕ್ಕೆ ಕೂತಿದ್ದ, ಮುಂದಿನ ವರ್ಷ ಅಣ್ಣನೂ ಅದೇ ರಸ್ತೆಗೆ ಬಂದ. ಈ ಡಿಕ್ಷನರಿ ಬಂದಿದ್ದು ಅವರಿಬ್ಬರೂ ತೀರ್ಕೊಂಡ ಮೇಲೆ, 1901ರಲ್ಲಿ, ಟ್ವೆಂಟಿಯತ್ ಸೆಂಚುರಿ ಡಿಕ್ಷನರಿ ಅನ್ನೋ ಹೆಸರಲ್ಲಿ, ಹೊಸ ಶತಮಾನ ಕಣ್ಣು ಬಿಡೋ ಹೊತ್ತಿಗೆ. ನಮ್ಮಪ್ಪನ ಹತ್ರ ಇದ್ದ ಹಳೇ ಪ್ರತಿ ಮೇಲೂ ಅದೇ ಹೆಸರಿತ್ತು, ರಟ್ಟು ಕಿತ್ತೋಗಿ ಗೋಣಿದಾರದಲ್ಲಿ ಹೊಲಿದಿದ್ರು.

ಈಗ ಯಾಕೆ ಇದು ಬೇಕಾಯ್ತು ಅನ್ನೋದು. ನಾನು ತಿಪಟೂರು ಕಡೆಯವಳು, ಹತ್ತನೇ ಕ್ಲಾಸಿನವರೆಗೂ ಕನ್ನಡ ಮೀಡಿಯಂ. ಅಪ್ಪ ಹೈಸ್ಕೂಲ್ ಇಂಗ್ಲಿಷ್ ಮೇಷ್ಟ್ರು, ಮನೇಲಿ ಪುಸ್ತಕಕ್ಕೆ ಬರ ಇರಲಿಲ್ಲ, ಆದ್ರೆ ಇಂಗ್ಲಿಷ್ ಮಾತಾಡೋರು ಸುತ್ತಮುತ್ತ ಯಾರೂ ಇರಲಿಲ್ಲ. ಹಂಗಾಗಿ ನಾನು ಇಂಗ್ಲಿಷ್ ಕಲ್ತಿದ್ದು ಪೂರ್ತಿ ಕಣ್ಣಲ್ಲಿ. ಪದಗಳ ಅರ್ಥ ಗೊತ್ತು, ಎಲ್ಲಿ ಬಳಸ್ಬೇಕು ಅಂತ ಗೊತ್ತು, ಶಬ್ದ ಮಾತ್ರ ನನ್ನ ತಲೇಲಿ ನಾನೇ ಕಟ್ಕೊಂಡಿದ್ದು. ಬೆಂಗಳೂರಲ್ಲಿ ಎಂಎ ಸೆಮಿನಾರಲ್ಲಿ ಎ ಡಬ್ಲ್ಯೂ ಆರ್ ವೈ ಅನ್ನೋ ಪದವನ್ನ "ಆವ್ರಿ" ಅಂತ ಓದಿದೆ, ಹಿಂದಿನ ಬೆಂಚಲ್ಲಿ ನಕ್ಕರು. ಅದು "ಅರೈ", ಓರೆಯಾಗಿ, ಎಡವಟ್ಟಾಗಿ ಅಂತ ಅರ್ಥ. ಎಪಿಟೋಮ್ ಅಂದ್ಕೊಂಡಿದ್ದು "ಇಪಿಟಮಿ", ಹೈಪರ್‌ಬೋಲ್ ಅಂದ್ಕೊಂಡಿದ್ದು "ಹೈಪರ್ಬಲಿ". ಇದರಲ್ಲಿ ನಾಚಿಕೆ ಪಡೋ ವಿಷಯ ಏನೂ ಇಲ್ಲ ಅಂತ ಈಗ ನನಗೆ ಗಟ್ಟಿಯಾಗಿ ಗೊತ್ತು, ಓದಿ ಕಲ್ತೋರು ಮಾತ್ರ ಇಂಥ ತಪ್ಪು ಮಾಡೋಕೆ ಸಾಧ್ಯ. ಆದ್ರೆ ಆ ದಿನದಿಂದ ಸುಮಾರು ಹತ್ತು ವರ್ಷ ನಾನು ಗೊತ್ತಿರೋ ಒಳ್ಳೊಳ್ಳೆ ಪದಗಳನ್ನ ಬಾಯಲ್ಲಿ ಆಡದೇ ಬರೀ ಬರಹದಲ್ಲಿ ಬಳಸಿದೆ. ಆ ಹತ್ತು ವರ್ಷ ವಾಪಸ್ ಬರಲ್ಲ.

ನಮ್ಮ ಭಾಷೇಲಿ ಈ ತೊಂದರೆನೇ ಇಲ್ಲ ನೋಡಿ. ಬರೆದ ಹಾಗೆ ಓದೋದು, ಓದಿದ ಹಾಗೆ ಬರೆಯೋದು. ಕಿಟ್ಟೆಲ್ ಅವರ 1894ರ ಕನ್ನಡ ನಿಘಂಟು ತೆಗೆದ್ರೂ ಕನ್ನಡ ಅಕ್ಷರ ಓದೋಕೆ ಬರೋರಿಗೆ ಪದ ಹೆಂಗೆ ಉಚ್ಚಾರ ಮಾಡ್ಬೇಕು ಅಂತ ಬೇರೆ ಯಾರೂ ಹೇಳ್ಕೊಡಬೇಕಾಗಿಲ್ಲ, ಅಕ್ಷರವೇ ಹೇಳತ್ತೆ. ಆ ಅಭ್ಯಾಸದಲ್ಲಿ ಬೆಳೆದೋರು ಇಂಗ್ಲಿಷ್ ಅಕ್ಷರಗಳನ್ನೂ ನಂಬಿಬಿಡ್ತೀವಿ.

ಚೇಂಬರ್ಸ್‌ನಲ್ಲಿ ಪ್ರತಿ ಮುಖ್ಯ ಪದದ ಪಕ್ಕ ಉಚ್ಚಾರಣೆ ಇರತ್ತೆ, ಆದ್ರೆ ಆಕ್ಸ್‌ಫರ್ಡ್, ಕೇಂಬ್ರಿಡ್ಜ್ ಕಲಿಕೆಯ ಡಿಕ್ಷನರಿಗಳಲ್ಲಿರೋ ಅಂತಾರಾಷ್ಟ್ರೀಯ ಧ್ವನಿಲಿಪಿ ಅಲ್ಲ. ಇವರದ್ದೇ ಒಂದು ಪದ್ಧತಿ, ಮಾಮೂಲಿ ಇಂಗ್ಲಿಷ್ ಅಕ್ಷರಗಳನ್ನೇ ಬಳಸಿ ಪದವನ್ನ ಮತ್ತೊಂದ್ಸಲ ಶಬ್ದದ ಪ್ರಕಾರ ಬರೆಯೋದು, ದೀರ್ಘಕ್ಕೆ ಮೇಲೊಂದು ಗೆರೆ, ಮಾಸಿದ ಸ್ವರಕ್ಕೆ ತಲೆಕೆಳಗಾದ ಇ. ಭಾಷಾಶಾಸ್ತ್ರ ಓದಿದೋರು ಇದನ್ನ ಹಳೇ ಕಾಲದ್ದು ಅಂತಾರೆ. ನನಗೆ ಮಾತ್ರ ಒಂದು ವಾರದಲ್ಲಿ ಕೈ ಹತ್ತಿತು. ಅದರಲ್ಲೂ ಒಂದು ವಿಷಯ ನೋಡಿ ಖುಷಿಯಾಯ್ತು, ಇಂಗ್ಲಿಷ್‌ನಲ್ಲಿ ಟಿ ಎಚ್ ಎರಡು ಶಬ್ದಕ್ಕೆ ಬಳಸ್ತಾರಲ್ಲ, ಥಿನ್ ಅನ್ನೋದಕ್ಕೂ ದೆನ್ ಅನ್ನೋದಕ್ಕೂ, ಚೇಂಬರ್ಸ್ ಅದನ್ನ ಬೇರೆ ಮಾಡಿ ಎರಡನೇದಕ್ಕೆ ಡಿ ಎಚ್ ಅಂತ ಬರೀತಾರೆ. ನಾವು ಕನ್ನಡದಲ್ಲಿ ಥ, ದ ಅಂತ ಬೇರೆ ಬೇರೆ ಬರೆಯೋದು ಇದನ್ನೇ ಅಲ್ವಾ. ನಾಲಿಗೆ ಹಲ್ಲಿನ ಮಧ್ಯೆ ಬರೋದು ನಮ್ಮ ಥ ದಲ್ಲಿಲ್ಲ, ಅದೊಂದು ಕಲೀಬೇಕು, ಆದ್ರೆ ಘೋಷ ಅಘೋಷ ಅನ್ನೋ ಭೇದ ನಮಗೆ ವರ್ಣಮಾಲೆ ಬಾಯಿಪಾಠ ಮಾಡಿದಾಗಿಂದ್ಲೇ ಗೊತ್ತು.

ಒಂದು ಕಡೆ ಮಾತ್ರ ಎಚ್ಚರ. ಒತ್ತಿನ ಗುರುತು, ಅಂದ್ರೆ ಸ್ಟ್ರೆಸ್ ಮಾರ್ಕು. ಆಕ್ಸ್‌ಫರ್ಡ್‌ನಲ್ಲಿ ಪದದಲ್ಲಿ ಒತ್ತಿ ಹೇಳೋ ತುಂಡಿಗೆ (ಸಿಲಬಲ್) ಮುಂಚೆ ಗುರುತು ಹಾಕ್ತಾರೆ, ಚೇಂಬರ್ಸ್‌ನಲ್ಲಿ ಆ ತುಂಡು ಮುಗಿದ ಮೇಲೆ. ಎರಡೂ ಪುಸ್ತಕ ಬಳಸೋರು ಇದನ್ನ ಗಮನಿಸದೇ ಹೋದ್ರೆ ಪದ ಪೂರ್ತಿ ತಿರುಗುಮುರುಗಾಗತ್ತೆ, ನಾನು ಮೊದಲ ಹದಿನೈದು ದಿನ ಹಂಗೇ ಮಾಡಿದೆ, ಇಪಿಟಮಿಲಿ ಪಿಟ್ ಬಿಟ್ಟು ಅದರ ಮುಂದಿನದನ್ನ ಒತ್ತಿ ಹೇಳ್ತಿದ್ದೆ.

ಈ ಒತ್ತಿನ ವಿಷಯ ನಮಗೆ ಶಾಲೇಲಿ ಯಾರೂ ಹೇಳ್ಕೊಡಲ್ಲ, ನನಗೆ ಅದೇ ದೊಡ್ಡ ನಷ್ಟ ಅನ್ಸತ್ತೆ. ನಾವು ಕನ್ನಡದಲ್ಲಿ ಅಕ್ಷರಗಳನ್ನ ಹೆಚ್ಚುಕಮ್ಮಿ ಒಂದೇ ಸಮ ಹೇಳ್ಕೊಂಡು ಹೋಗ್ತೀವಿ, ಲಘು ಗುರು ಇರತ್ತೆ, ಒಂದು ಅಕ್ಷರ ಎತ್ತಿ ಹೇಳಿ ಉಳಿದವನ್ನ ನುಂಗೋದು ಇಲ್ಲ. ಇಂಗ್ಲಿಷ್‌ನಲ್ಲಿ ಒತ್ತು ಇರೋ ಕಡೆ ಸ್ವರ ಪೂರ್ತಿ ಬರತ್ತೆ, ಬೇರೆ ಕಡೆ ಎಷ್ಟೋ ಸಲ ಮಾಸಿಹೋಗಿ ಅರ್ಧ ಅ ಆಗತ್ತೆ. ಫೋಟೋಗ್ರಾಫ್ ಅಂದಾಗ ಮೊದಲ ತುಂಡಿನ ಮೇಲೆ, ಫಟಾಗ್ರಫಿ ಅಂದಾಗ ಎರಡನೇದರ ಮೇಲೆ, ಫೋಟೋಗ್ರಾಫಿಕ್ ಅಂದಾಗ ಮೂರನೇದರ ಮೇಲೆ, ಒಂದೇ ಪದ ಮೂರು ಸಲ ವೇಷ ಬದಲಾಯಿಸತ್ತೆ. ರೆಕಾರ್ಡ್ ಅನ್ನೋದು ವಸ್ತುವಾದ್ರೆ ಒತ್ತು ಮೊದಲ ತುಂಡಿನ ಮೇಲೆ, ಕೆಲಸವಾದ್ರೆ ಎರಡನೇದರ ಮೇಲೆ. ಅಪರೂಪದ ಪದಗಳಲ್ಲಿ ಅರ್ಥಕ್ಕಿಂತ ಮೊದಲು ನಾನು ಈಗ ಆ ಗುರುತು ಎಲ್ಲಿದೆ ಅಂತ ಹುಡುಕ್ತೀನಿ. ಒತ್ತು ಸರಿ ಹೋದ್ರೆ ಅಲ್ಲೊಂದು ಇಲ್ಲೊಂದು ಸ್ವರ ಆಚೆ ಈಚೆ ಆದ್ರೂ ಎದುರಿಗಿರೋರಿಗೆ ಪದ ಮುಟ್ಟತ್ತೆ, ಒತ್ತು ತಪ್ಪಿದ್ರೆ ಉಳಿದಿದ್ದೆಲ್ಲ ಸರಿ ಇದ್ರೂ ಮುಟ್ಟಲ್ಲ.

ಈಗ ನನಗೆ ತುಂಬಾ ಇಷ್ಟವಾದ ಭಾಗ. ಪಿ ಎಚ್ ಟಿ ಎಚ್ ಐ ಎಸ್ ಐ ಎಸ್ ಅಂತ ಒಂದು ಪದ ಇದೆ. ಹಳೇ ಇಂಗ್ಲಿಷ್ ಕಾದಂಬರಿಗಳಲ್ಲಿ ಯಾರಾದ್ರೂ ಕೆಮ್ಮಿ ಕೆಮ್ಮಿ ಸೊರಗಿ ಸತ್ರೆ ಅವರಿಗೆ ಬಂದಿರೋದು ಇದೇ. ಉಚ್ಚಾರಣೆ ಥೈಸಿಸ್, ಟೈಸಿಸ್ ಅಂತಾನೂ ಹೇಳ್ತಾರೆ. ಅರ್ಥ ಕ್ಷಯ, ಟಿಬಿ. ಪದದ ಕೊನೇಲಿ ಚೌಕ ಕಂಸದೊಳಗೆ ಮೂಲ ಕೊಟ್ಟಿರ್ತಾರೆ, ಗ್ರೀಕ್‌ನಲ್ಲಿ ಸವೆದುಹೋಗು ಅನ್ನೋ ಕ್ರಿಯಾಪದದಿಂದ ಬಂದಿದ್ದು ಅಂತ. ಅಲ್ಲಿಂದ ನಾನು ಹಿಡ್ಕೊಂಡು ಹೋದೆ. ಗ್ರೀಕ್‌ನ ಆ ಫ್ಥಿ ಅನ್ನೋ ಧಾತು, ಸಂಸ್ಕೃತದ ಕ್ಷಿ ಧಾತು, ಎರಡೂ ಒಂದೇ ಬೇರಿಂದ ಬಂದಿದ್ದು. ಅಂದ್ರೆ ಥೈಸಿಸ್ ಅನ್ನೋದಕ್ಕೆ ನಾವು ಕೊಡೋ ಅರ್ಥ ಕ್ಷಯ, ಅದು ಬರೀ ಅರ್ಥ ಅಲ್ಲ, ಅದರ ಒಡಹುಟ್ಟಿದ್ದು. ಗ್ರೀಕ್ ಕವಿ ಹೋಮರನ ಇಲಿಯಡ್ ಮಹಾಕಾವ್ಯದಲ್ಲಿ ವೀರ ಅಕಿಲೀಸ್ ತನಗೆ ಸಿಗೋ ಬಾಡದ ಕೀರ್ತಿ ಬಗ್ಗೆ ಹೇಳುವಾಗ ಬಳಸೋ ಮಾತು ಕ್ಲೆಯೋಸ್ ಅಫ್ಥಿಟೋನ್, ಋಗ್ವೇದದಲ್ಲಿ ಬರೋದು ಶ್ರವಃ ಅಕ್ಷಿತಂ, ಇವೆರಡೂ ಅಕ್ಷರಶಃ ಒಂದೇ ನುಡಿಗಟ್ಟು ಅಂತ ಅಡಾಲ್ಬರ್ಟ್ ಕುಹ್ನ್ ಅನ್ನೋ ಜರ್ಮನ್ ವಿದ್ವಾಂಸರು 1853ರಲ್ಲೇ ತೋರಿಸಿದಾರೆ. ಅಕ್ಷಯ ತದಿಗೆ ದಿನ ಬೆಳಿಗ್ಗೆ ಇದನ್ನ ಓದ್ತಿದ್ದೆ ನಾನು, ಮೈ ಜುಂ ಅಂತು.

ಅದೇ ಥರ ಸಿ ಎಚ್ ಟಿ ಎಚ್ ಇಂದ ಶುರುವಾಗೋ ಥಾನಿಕ್ ಅಂತ ಇನ್ನೊಂದು, ನೆಲದಡಿಯ ಲೋಕಕ್ಕೆ, ಪಾತಾಳದ ದೇವತೆಗಳಿಗೆ ಸಂಬಂಧಪಟ್ಟಿದ್ದು ಅಂತ ಅರ್ಥ. ಅದರ ಗ್ರೀಕ್ ಮೂಲ ಖ್ಥೋನ್, ಭೂಮಿ. ಸಂಸ್ಕೃತದಲ್ಲಿ ಅದರ ಜೊತೆಯವಳು ಕ್ಷಮಾ, ಕ್ಷಮಯಾ ಧರಿತ್ರೀ ಅಂತ ಹೇಳ್ತಾರಲ್ಲ, ಆ ಕ್ಷಮಾಗೆ ಭೂಮಿ ಅಂತಾನೂ ಅರ್ಥ ಇದೆ. ಸಿಝಿಜಿ ಅಂತ ಒಂದಿದೆ, ಎಸ್ ವೈ ಝಡ್ ವೈ ಜಿ ವೈ, ಮೂರೂ ಕಡೆ ಸ್ವರಕ್ಕೆ ವೈ ಒಂದೇ, ನೋಡಿದ್ರೆ ಯಾರೋ ಕೀಬೋರ್ಡ್ ಮೇಲೆ ಕೈ ಇಟ್ಟಂಗಿದೆ. ಸೂರ್ಯ ಚಂದ್ರ ಭೂಮಿ ಒಂದೇ ಗೆರೇಲಿ ಬರೋದು, ಅಂದ್ರೆ ನಮ್ಮ ಅಮಾವಾಸ್ಯೆ ಹುಣ್ಣಿಮೆ. ಒಳಗಿರೋ ಝೈಗ್ ಅನ್ನೋದು ಗ್ರೀಕ್‌ನ ನೊಗ, ಅದರ ನಂಟು ನಮ್ಮ ಯುಗ, ಯೋಗ, ಯುಗ್ಮದ ಜೊತೆ. ಬರೀ ಉಚ್ಚಾರಣೆ ಹೇಳಿ ಸುಮ್ಮನಾಗೋ ಪುಸ್ತಕ ಆಗಿದ್ರೆ ಈ ದಾರಿ ತೆರೀತಿರಲಿಲ್ಲ, ಶಬ್ದ ಅರ್ಥ ಮೂಲ ಮೂರೂ ಒಂದೇ ಕಡೆ, ನಾಲ್ಕೈದು ಸಾಲಿನೊಳಗೆ, ಅದಕ್ಕೇ ಇದರ ಮೇಲೆ ನನಗೆ ಇಷ್ಟು ಪ್ರೀತಿ.

ಇಂಗ್ಲಿಷ್‌ನೋರು ಯಾಕೆ ಮೊದಲ ವ್ಯಂಜನ ನುಂಗ್ತಾರೆ ಅನ್ನೋದು ನನಗೆ ಅಪ್ಪ ಕ್ಲಾಸಲ್ಲಿ ಹೇಳ್ಕೊಡ್ತಿದ್ದ ತತ್ಸಮ ತದ್ಭವ ನೆನಪಾದಾಗ ಅರ್ಥ ಆಯ್ತು. ಸ್ಥಾನ ನಮ್ಮ ಬಾಯಲ್ಲಿ ತಾಣ ಆಯ್ತು, ಸ್ತಂಭ ಕಂಬ ಆಯ್ತು, ಕ್ಷಣ ಚಣ ಆಯ್ತು. ನಾಲಿಗೆಗೆ ಒಗ್ಗದ ಒತ್ತಕ್ಷರ ಪದದ ಮೊದಲಲ್ಲಿ ಬಂದ್ರೆ ಜನ ಅದನ್ನ ಮೆತ್ತಗೆ ಮಾಡ್ಕೋತಾರೆ. ಇಂಗ್ಲಿಷ್‌ನೋರೂ ಅದನ್ನೇ ಮಾಡಿದ್ರು, ಪ್ಟೆರೊಡ್ಯಾಕ್ಟಿಲ್ ಹೋಗಿ ಟೆರೊಡ್ಯಾಕ್ಟಿಲ್, ಮ್ನೆಮಾನಿಕ್ ಹೋಗಿ ನಿಮಾನಿಕ್. ನಾವು ಶಬ್ದ ಬದಲಾದಾಗ ಬರಹವನ್ನೂ ಬದಲಾಯಿಸಿ ತಾಣ ಅಂತಾನೇ ಬರೆದ್ವಿ, ಅವರು ಬಾಯಲ್ಲಿ ತಾಣ ಅಂದು ಕಾಗದದ ಮೇಲೆ ಸ್ಥಾನ ಅಂತ ಉಳಿಸ್ಕೊಂಡ್ರು. ಇಷ್ಟು ಹೇಳ್ಕೊಟ್ರೆ ನಮ್ಮ ಹಳ್ಳಿ ಮಕ್ಕಳಿಗೆ ಇಂಗ್ಲಿಷ್ ಸ್ಪೆಲ್ಲಿಂಗ್ ಮೇಲಿರೋ ಭಯ ಅರ್ಧ ಹೋಗತ್ತೆ ಅಂತ ನನ್ನ ನಂಬಿಕೆ.

ಇನ್ನೂ ವಿಚಿತ್ರ ಅಂದ್ರೆ ಇಲ್ಲದ ಅಕ್ಷರ ತಂದು ಸೇರಿಸಿರೋದು. ವಿ ಐ ಸಿ ಟಿ ಯು ಎ ಎಲ್ ಎಸ್, ಆಹಾರ ಸಾಮಗ್ರಿ, ದಿನಸಿ ಅಂತ ಅರ್ಥ, ಉಚ್ಚಾರಣೆ ವಿಟ್ಲ್ಸ್. ಫ್ರೆಂಚ್‌ನಿಂದ ಬಂದಾಗ ಅದರಲ್ಲಿ ಸಿ ಇರಲೇ ಇಲ್ಲ, ಜನ ವಿಟ್ಲ್ಸ್ ಅಂತಾನೇ ಅಂತಿದ್ರು, ಆಮೇಲೆ ಪಂಡಿತರು ಇದರ ಲ್ಯಾಟಿನ್ ಮೂಲದಲ್ಲಿ ಸಿ ಇದೆ ಅಂತ ತಂದು ಕೂರಿಸಿದ್ರು. ಡೆಟ್‌ನಲ್ಲಿರೋ ಬಿ, ರಿಸೀಟ್‌ನಲ್ಲಿರೋ ಪಿ, ಇಂಡೈಟ್‌ನಲ್ಲಿರೋ ಸಿ ಎಲ್ಲ ಇದೇ ಕಥೆ. ಕರ್ನಲ್ ಕಥೆ ಬೇರೆ, ಇಟಲಿಯಲ್ಲಿ ಕೊಲೊನೆಲ್ಲೊ, ಫ್ರಾನ್ಸ್‌ಗೆ ಬಂದಾಗ ಕೊರೊನೆಲ್, ಇಂಗ್ಲಿಷ್‌ಗೂ ಮೊದಲು ಆರ್ ಇಟ್ಕೊಂಡೇ ಬಂತು, ಆಮೇಲೆ ಬರಹದಲ್ಲಿ ಎಲ್ ಗೆದ್ದಿತು, ಬಾಯಲ್ಲಿ ಆರ್ ಉಳೀತು. ನಾವು ಕನ್ನಡದಲ್ಲಿ ಕರ್ನಲ್ ಅಂತ ಕೇಳಿದ್ದನ್ನ ಹಂಗೇ ಬರ್ಕೊಂಡಿದೀವಿ, ನಮ್ಮ ಲಿಪಿ ಇಲ್ಲಿ ಇಂಗ್ಲಿಷ್‌ಗಿಂತ ಸತ್ಯ ಹೇಳತ್ತೆ. ಹಡಗಿನ ಪದಗಳೂ ಹೀಗೇ, ಬೋಟ್‌ಸ್ವೇನ್ ಅಂತ ಬರೆದು ಬೋಸನ್, ಫೋರ್‌ಕ್ಯಾಸಲ್ ಅಂತ ಬರೆದು ಫೋಕ್ಸಲ್, ಗನ್‌ವೇಲ್ ಅಂತ ಬರೆದು ಗನಲ್. ನಾವಿಕರು ಗಾಳಿ ಅಲೆ ಮಧ್ಯೆ ಕೂಗಿ ಕೂಗಿ ಸವೆಸಿದ ಪದಗಳು ಅವು.

ಸ್ಕಾಟ್ಲೆಂಡಿನ ಪುಸ್ತಕ ಆಗಿರೋದ್ರಿಂದ ಅಲ್ಲಿನ ಪದಗಳು ಯಥೇಚ್ಛ, ಬೇರೆ ಒಂದೇ ಸಂಪುಟದ ಡಿಕ್ಷನರಿಗಳಲ್ಲಿ ಇಷ್ಟು ಸಿಗಲ್ಲ. ಡ್ರೀಖ್ ಅಂತ ಒಂದು, ಕೊನೆಯ ಶಬ್ದ ಗಂಟಲಿಂದ ಬರ್ಬೇಕು, ಉರ್ದು ಖ಼ ಥರ, ಅದಕ್ಕೆ ಚೇಂಬರ್ಸ್ ಎರಡು ಎಚ್ ಬಳಸ್ತಾರೆ. ಬೇಸರ ಹಿಡಿಸೋ, ಮುಗಿಯದ, ಮಂಕು ಕವಿದ ಅಂತ ಅರ್ಥ, ಹೆಚ್ಚಾಗಿ ಹವೆ ಬಗ್ಗೆ ಹೇಳೋದು. ಆಷಾಢದಲ್ಲಿ ತೀರ್ಥಹಳ್ಳಿ ಆಗುಂಬೆ ಕಡೆ ಹದಿನೈದು ದಿನ ಸೂರ್ಯನ ಮುಖ ಕಾಣದೇ ಜಿಟಿಜಿಟಿ ಹಿಡಿದಿರೋವಾಗ ಹೋದೋರಿಗೆ ಈ ಪದ ತಕ್ಷಣ ಅರ್ಥ ಆಗತ್ತೆ. ಸಿಟೂಟರಿ ಅಂದ್ರೆ ಮನೆ ಹೊರಗೆ ಕೂರೋ ಜಾಗ, ಸಿಟ್ ಔಟ್ ಅನ್ನೋದನ್ನ ಅವರು ಸಿಟ್ ಊಟ್ ಅಂತಾರಲ್ಲ ಅದರಿಂದ ಆಗಿದ್ದು. ನಮ್ಮ ಜಗಲಿ ನೆನಪಾಗಿ ಆ ಪುಟಕ್ಕೆ ಒಂದು ಚೀಟಿ ಇಟ್ಟಿದೀನಿ. ಇನ್ನು ಟ್ಯಾಗರಮ್, ಬರೆಯೋದು ಟಿ ಎ ಜಿ ಎಚ್ ಎ ಐ ಆರ್ ಎಂ, ಜಲಪಾತದ ಹಿಂದೆ ಎತ್ತಿನ ಚರ್ಮ ಸುತ್ಕೊಂಡು ಮಲಗಿ ಭವಿಷ್ಯ ಕೇಳೋ ಹೈಲ್ಯಾಂಡ್ಸ್ ಜನರ ಪದ್ಧತಿ. ಇಡೀ ಒಂದು ಆಚರಣೆಗೆ ಒಂದೇ ಪದ ಇದೆ, ಅದನ್ನ ಯಾರೋ ಬರೆದಿಟ್ಟಿದಾರೆ, ಆ ಜನ ಇಲ್ಲದಿದ್ರೂ ಪದ ಉಳಿದಿದೆ ಅನ್ನೋದು ನನಗೆ ಸಣ್ಣ ವಿಷಯ ಅಲ್ಲ. ವೇಲ್ಸ್‌ನಿಂದ ಬಂದ ಕೂಮ್ ಇದೆ, ಸಿ ಡಬ್ಲ್ಯೂ ಎಂ, ನಮಗೆ ಗೊತ್ತಿರೋ ಐದು ಸ್ವರದಲ್ಲಿ ಒಂದೂ ಇಲ್ಲ, ವೆಲ್ಷ್‌ನಲ್ಲಿ ಡಬ್ಲ್ಯೂ ಅಂದ್ರೇನೇ ಉ. ಬೆಟ್ಟದ ಮಡಿಲಿನ ಬೋಗುಣಿ ಥರದ ಕಣಿವೆ. ಎವರೆಸ್ಟ್ ಹತ್ತೋ ದಾರೀಲಿ ವೆಸ್ಟರ್ನ್ ಕೂಮ್ ಅಂತ ಇದೆಯಲ್ಲ, 1921ರಲ್ಲಿ ಪರ್ವತಾರೋಹಿ ಜಾರ್ಜ್ ಮ್ಯಾಲರಿ ಇಟ್ಟ ಹೆಸರದು.

ಉದ್ದುದ್ದ ಪದಗಳ ಬಗ್ಗೆ ಕೇಳ್ತೀರಿ ಅಂತ ಗೊತ್ತು, ಇಪ್ಪತ್ತೊಂಬತ್ತು ಅಕ್ಷರದ್ದೂ ಇದೆ, ನನಗೆ ಅದರಲ್ಲಿ ಆಸಕ್ತಿ ಇಲ್ಲ. ಉದ್ದಕ್ಕಾಗಿಯೇ ಕಟ್ಟಿದ ಪದಕ್ಕೂ ಜನ ಬಾಳಿ ಬದುಕಿ ಉಂಟಾದ ಪದಕ್ಕೂ ಬಹಳ ವ್ಯತ್ಯಾಸ ಇದೆ.

ನಮ್ಮ ಕಡೆಯಿಂದ ಹೋದ ಪದಗಳನ್ನೂ ಹುಡುಕಿದೆ. ಜ್ಯಾಗರಿ ಇದೆ, ಬೆಲ್ಲ. ಒತ್ತು ಮೊದಲ ತುಂಡಿನ ಮೇಲೆ, ನಾವು ಸುಮಾರು ಜನ ಜಾಗರಿ ಅಂತೀವಿ. ಪೋರ್ಚುಗೀಸರ ಬಾಯಿಂದ ಇಂಗ್ಲಿಷ್‌ಗೆ ಹೋಗಿದ್ದು, ಅದರ ಹಿಂದೆ ಮಲಯಾಳದ ಚಕ್ಕರ, ಕನ್ನಡದ ಶರ್ಕರೆ, ಎಲ್ಲದರ ಮೂಲ ಸಂಸ್ಕೃತದ ಶರ್ಕರಾ. ಶುಗರ್ ಅನ್ನೋದೂ ಅದೇ ಮೂಲದ್ದು, ಪರ್ಷಿಯಾ ಅರಬ್ ಕಡೆ ಸುತ್ತಿ ಹೋಗಿದ್ದು, ಹಂಗಾಗಿ ಬೆಲ್ಲ ಸಕ್ಕರೆ ಇಂಗ್ಲಿಷ್‌ನಲ್ಲೂ ದಾಯಾದಿಗಳೇ. ಡೋಲ್ ಅಂತ ಇದೆ, ಬಂಡೀಪುರ ನಾಗರಹೊಳೇಲಿ ಗುಂಪಾಗಿ ಓಡಾಡೋ ನಮ್ಮ ಸೀಳುನಾಯಿ. ಆ ಹೆಸರು ಕನ್ನಡದ ತೋಳದಿಂದ ಹೋಗಿರಬಹುದು ಅಂತ ಕೆಲವು ವಿದ್ವಾಂಸರು ಹೇಳ್ತಾರೆ.

ಈ ಪುಸ್ತಕ ಇನ್ನೊಂದಕ್ಕೂ ಹೆಸರುವಾಸಿ, ಅರ್ಥ ಹೇಳುವಾಗ ಅಲ್ಲಲ್ಲಿ ನಗಿಸೋದಕ್ಕೆ. ಎಕ್ಲೇರ್ ಅನ್ನೋ ಕೇಕಿಗೆ ಕೊಟ್ಟಿರೋ ವಿವರಣೆ ಪ್ರಸಿದ್ಧ, ಆಕಾರದಲ್ಲಿ ಉದ್ದ, ಬಾಳಿಕೇಲಿ ಗಿಡ್ಡ ಅಂತ. ನಡುವಯಸ್ಸು ಅಂದ್ರೆ ಯೌವನ ಮುಪ್ಪಿನ ನಡುವಿನದು, ಲೆಕ್ಕ ಹಾಕೋರು ತಮಗೆ ಬೇಕಾದ ಹಾಗೆ ಲೆಕ್ಕ ಹಾಕೋದು ಅಂತ. 1972ರ ಆವೃತ್ತೀಲಿ ಇಂಥವನ್ನ ಸುಮಾರು ತೆಗೆದುಹಾಕಿದ್ರಂತೆ, ಓದುಗರು ಬೇಜಾರಾಗಿ ಬರೆದ ಮೇಲೆ 1983ರದ್ದರಲ್ಲಿ ಬಹಳಷ್ಟು ವಾಪಸ್ ಬಂದ್ವು. ಡಿಕ್ಷನರಿಯ ಒಂದು ಸಾಲಿಗೋಸ್ಕರ ಜನ ಕಾಗದ ಬರೆದು ಜಗಳ ಆಡ್ತಾರೆ ಅಂದ್ರೆ ಅದು ಅವರ ಮನೆಯೊಳಗೆ ಎಷ್ಟು ಬಂದಿದೆ ನೋಡಿ. ಪದಬಂಧದೋರಿಗಂತೂ ಇದು ಕೈಪಿಡಿ, ಲಂಡನ್ನಿನ ಅಬ್ಸರ್ವರ್ ಪತ್ರಿಕೆಲಿ 1972ರಲ್ಲಿ ಶುರುವಾದ ಆಝೆಡ್ ಅನ್ನೋ ಕಷ್ಟದ ಪದಬಂಧಕ್ಕೆ ಚೇಂಬರ್ಸ್ ನೋಡಿ ಅಂತಾನೇ ಹೇಳ್ತಿದ್ರು. ನಾನು ಹಿಂದೂ ಪತ್ರಿಕೆಯ ಕ್ರಾಸ್‌ವರ್ಡ್ ಬಿಡಿಸೋಳು, ಅದಕ್ಕೆ ಇದು ಬೇಕಾದ್ದಕ್ಕಿಂತ ಹೆಚ್ಚೇ ಆಯ್ತು.

ಕೊರತೆಗಳನ್ನೂ ಹೇಳ್ಬೇಕು. ಅಕ್ಷರ ಸಣ್ಣದು, ನಲವತ್ತು ದಾಟಿದೋರಿಗೆ ಕನ್ನಡಕ ಸಾಲಲ್ಲ, ಒಳ್ಳೇ ದೀಪ ಬೇಕು. ಹಾಳೆ ತೆಳು. ಭಾರ ಎಷ್ಟಿದೆ ಅಂದ್ರೆ ಮಲ್ಕೊಂಡು ಓದೋ ಮಾತೇ ಇಲ್ಲ, ಮೇಜೇ ಗತಿ. ಒಂದು ಮೂಲ ಪದದ ಕೆಳಗೆ ಅದರ ಮಕ್ಕಳು ಮರಿ ಎಲ್ಲವನ್ನೂ ಸೇರಿಸಿ ಕೊಡ್ತಾರೆ, ಹಂಗಾಗಿ ಅಕ್ಷರಾನುಕ್ರಮದಲ್ಲಿ ಹುಡುಕಿದ ಪದ ಅಲ್ಲಿಲ್ಲ ಅಂದ ತಕ್ಷಣ ಬಿಡಬೇಡಿ, ಅದರ ಮೂಲ ಯಾವುದು ಅಂತ ಯೋಚಿಸಿ ಅಲ್ಲಿ ನೋಡಿ, ಹೊಸಬರಿಗೆ ಇದು ತಲೆನೋವೇ. ವಾಕ್ಯದಲ್ಲಿ ಬಳಸಿ ತೋರ್ಸೋ ಉದಾಹರಣೆ ತೀರಾ ಕಮ್ಮಿ, ಆದ್ರಿಂದ ಈಗಷ್ಟೇ ಇಂಗ್ಲಿಷ್ ಕಲೀತಿರೋ ಪಿಯುಸಿ ಮಕ್ಕಳಿಗೆ ಇದನ್ನ ಕೊಡಿಸ್ಬೇಡಿ, ಅವರಿಗೆ ಲರ್ನರ್ಸ್ ಡಿಕ್ಷನರಿಗಳೇ ಸರಿ. ಉಚ್ಚಾರಣೆ ಹೆಚ್ಚಾಗಿ ಬ್ರಿಟಿಷ್, ಅಮೆರಿಕದಲ್ಲಿರೋ ನಮ್ಮೋರು ಮಕ್ಕಳ ಸ್ಪೆಲ್ಲಿಂಗ್ ಬೀ ಸ್ಪರ್ಧೆಗೆ ಇದನ್ನ ನಂಬ್ಕೋಬೇಡಿ, ಅಲ್ಲಿ ನಡೆಯೋದು ಮೆರಿಯಮ್ ವೆಬ್‌ಸ್ಟರ್ ಡಿಕ್ಷನರಿ ಪ್ರಕಾರ.

ಫೋನಲ್ಲಿ ಒತ್ತಿದ್ರೆ ಶಬ್ದ ಕೇಳತ್ತಲ್ಲ, ಇದ್ಯಾಕೆ ಅಂತ ನನ್ನ ತಮ್ಮನೇ ಕೇಳ್ದ. ಕೇಳತ್ತೆ, ನಾನೂ ಕೇಳ್ತೀನಿ. ಆದ್ರೆ ಕೇಳಿದ್ದು ಅರ್ಧ ಗಂಟೇಲಿ ಮರೆತು ಹೋಗತ್ತೆ, ಯಾಕಂದ್ರೆ ನಮ್ಮ ಕಿವಿಗೆ ಒತ್ತು ಹಿಡಿಯೋ ಅಭ್ಯಾಸ ಇಲ್ಲ. ಗುರುತು ನೋಡಿ, ಬಾಯಲ್ಲಿ ಎರಡು ಸಲ ಹೇಳಿ, ಆಮೇಲೆ ಫೋನಲ್ಲಿ ಕೇಳಿದ್ರೆ ಅದು ಹೋಗಲ್ಲ. ಎರಡೂ ಬೇಕು, ಮೊದಲು ಇದು.

ಹೋದ ತಿಂಗಳು ಊರಿಗೆ ಹೋಗುವಾಗ ಬ್ಯಾಗಲ್ಲಿ ಹಾಕ್ಕೊಂಡು ಹೋದೆ. ಅಪ್ಪನಿಗೆ ಈಗ ಎಪ್ಪತ್ತೆಂಟು. ತೊಡೆ ಮೇಲೆ ದಿಂಬು ಇಟ್ಕೊಂಡು ಅದರ ಮೇಲೆ ಪುಸ್ತಕ ಇಟ್ಕೊಂಡು ಕೂತ್ರು, ಎರಡು ಗಂಟೆ ಮಾತಿಲ್ಲ. ಆಮೇಲೆ ಕರೆದು, "ಪುಟ್ಟಿ, ಈ ವಿಟ್ಲ್ಸ್ ನೋಡೇ, ನಾನು ಮೂವತ್ತು ವರ್ಷ ಮಕ್ಕಳಿಗೆ ವಿಕ್ಚುಯಲ್ಸ್ ಅಂತ ಹೇಳ್ಕೊಟ್ಟಿದೀನಲ್ಲೇ" ಅಂದ್ರು. ನಿಮ್ಮ ಹಳೇ ಪುಸ್ತಕದಲ್ಲೂ ಇತ್ತಲ್ಲಪ್ಪ, ಪಕ್ಕದಲ್ಲೇ ಬರೆದಿರ್ತಾರೆ ಅಂದೆ. ಆ ಗುರುತು ಹೆಂಗೆ ಓದ್ಬೇಕು ಅಂತ ನನಗೆ ಯಾರೂ ಹೇಳ್ಕೊಡಲಿಲ್ಲ ಅಂದ್ರು. ಆ ಸಂಜೆ ಜಗಲೀಲಿ ಕೂತು ಇಬ್ಬರೂ ಆ ಗುರುತುಗಳನ್ನ ಒಂದೊಂದಾಗಿ ಓದಿದ್ವಿ, ಗೆರೆ ಬಂದ್ರೆ ದೀರ್ಘ, ತಲೆಕೆಳಗಾದ ಇ ಬಂದ್ರೆ ಮಾಸಿದ ಅ, ಗುರುತಿಗಿಂತ ಮುಂಚೆ ಇರೋದು ಒತ್ತು. ಮಾರನೇ ದಿನ ಬೆಳಿಗ್ಗೆ ನೋಡಿದ್ರೆ ಪೆನ್ಸಿಲ್ ತಗೊಂಡು ಅಂಚಿನಲ್ಲಿ ಕನ್ನಡದಲ್ಲಿ ಉಚ್ಚಾರಣೆ ಬರ್ಕೋತಾ ಇದ್ರು, ಒತ್ತು ಇರೋ ಅಕ್ಷರದ ಕೆಳಗೆ ಒಂದು ಗೆರೆ ಎಳೆದು. ಎ ಮುಗಿಸಿ ಬಿ ಗೆ ಬಂದಿದ್ರು.

ಪುಸ್ತಕ ಅಲ್ಲೇ ಬಿಟ್ಟು ಬಂದೆ. ಈಗ ನನಗೆ ಇನ್ನೊಂದು ಪ್ರತಿ ಬೇಕು, ಇದೇ 12ನೇ ಆವೃತ್ತಿ, ರಟ್ಟು ಸ್ವಲ್ಪ ಹೋಗಿದ್ರೂ ಪರವಾಗಿಲ್ಲ. ಅವೆನ್ಯೂ ರೋಡಲ್ಲಾಗಲೀ ಚರ್ಚ್ ಸ್ಟ್ರೀಟಲ್ಲಾಗಲೀ ಯಾರಿಗಾದ್ರೂ ಕಣ್ಣಿಗೆ ಬಿದ್ರೆ ದಯವಿಟ್ಟು ತಿಳಿಸಿ.